ಇಸಿ ಶುದ್ಧ, ಆದರೆ ಕೋರ್ಟಿನಲ್ಲಿ ಕೇಸು!

ಹೊರನಾಡಿನಲ್ಲಿ ಎಷ್ಟೇ ವರ್ಷ ಇದ್ದರೂ ‘ಊರಲ್ಲೊಂದು ಸೈಟು’ ಎಂಬ ಆಸೆ ನಮ್ಮನ್ನು ಬಿಡುವುದಿಲ್ಲ. ದೀಪಾವಳಿಗೆ ಪುಣೆಯಿಂದ ದಾವಣಗೆರೆಗೆ ಹೋದಾಗ ನಾನೂ ಒಂದು ಸೈಟು ನೋಡಿದೆ. 30 ವರ್ಷದ ಇಸಿ ತೆಗೆಸಿದೆ, ಸಾಲವಿಲ್ಲ, ಅಡಮಾನವಿಲ್ಲ. ಖಾತೆ, ಕಂದಾಯ ರಸೀದಿ ಎಲ್ಲ ಮಾರುವವರ ಹೆಸರಲ್ಲೇ ಇದ್ದವು. ಎರಡು ಲಕ್ಷ ಮುಂಗಡ ಕೊಟ್ಟು ಕರಾರಿಗೆ ಸಹಿ ಹಾಕಿದೆ.

ಪುಣೆಗೆ ಮರಳಿದ ಮೇಲೆ ಒಂದು ರಾತ್ರಿ ಇ-ಕೋರ್ಟ್ಸ್ ಜಾಲತಾಣದಲ್ಲಿ ಸುಮ್ಮನೆ ಅವರ ಹೆಸರು ಹಾಕಿ ಹುಡುಕಿದೆ. ಅವರ ಅಕ್ಕ ಹೂಡಿದ ಪಾಲಿನ ದಾವೆಯೊಂದು ಕಣ್ಣಿಗೆ ಬಿತ್ತು. ವಕೀಲರ ಮೂಲಕ ದಾವೆಯ ನಕಲು ತರಿಸಿದರೆ, ಆಸ್ತಿಗಳ ಪಟ್ಟಿಯಲ್ಲಿ ಈ ಸೈಟೂ ಇತ್ತು. ಫೋನ್ ಮಾಡಿದಾಗ, “ಅದೇನ್ ನಿಲ್ಲಲ್ಲ ಬಿಡ್ರಿ ಸರ್. ಅಕ್ಕನ ಮದುವೆಗೆ ಎಲ್ಲಾ ಕೊಟ್ಟಾಗೈತೆ. ಮುಂದಿನ ವಾರ ರಿಜಿಸ್ಟ್ರೇಷನ್ ಮುಗಿಸ್ಬಿಡೋಣ” ಅಂದರು.

ಇಸಿಯಲ್ಲಿ ಇದೇಕೆ ಕಾಣಲಿಲ್ಲ? ಇಸಿ ಎಂದರೆ ಉಪನೋಂದಣಿ ಕಚೇರಿಯಲ್ಲಿ ನೋಂದಣಿಯಾದ ಪತ್ರಗಳ ಪಟ್ಟಿ ಅಷ್ಟೆ. ದಾವೆ ಹೂಡಿದವರು ಅದನ್ನು ಅಲ್ಲಿ ನೋಂದಾಯಿಸಬೇಕೆಂಬ ನಿಯಮ ನಮ್ಮ ದಾವಣಗೆರೆ ಕಡೆ ಇಲ್ಲ. ಮಹಾರಾಷ್ಟ್ರದ ಕತೆ ಬೇರೆ. 1939ರ ಮುಂಬಯಿ ತಿದ್ದುಪಡಿಯಂತೆ, ದಾವೆಯ ನೋಟಿಸ್ ನೋಂದಣಿಯಾಗಿದ್ದರೆ ಮಾತ್ರ ಅದು ಕೊಳ್ಳುವವರನ್ನು ಕಟ್ಟಿಹಾಕುತ್ತದೆ. ಪುಣೆಯಲ್ಲಿ ಫ್ಲ್ಯಾಟ್ ಕೊಂಡ ಅನುಭವವನ್ನೇ ನಂಬಿ ಊರಿನಲ್ಲಿ ಸೈಟು ಕೊಂಡರೆ ಎಡವುವುದು ಇಲ್ಲೇ.

1882ರ ಆಸ್ತಿ ವರ್ಗಾವಣೆ ಕಾಯ್ದೆಯ 52ನೇ ಕಲಂ ದಾವೆ ನಡೆಯುತ್ತಿರುವಾಗ ಆದ ಮಾರಾಟವನ್ನು ಅನೂರ್ಜಿತ ಎನ್ನುವುದಿಲ್ಲ. ಆದರೆ ಕೊಂಡವರು ಕೋರ್ಟಿನ ತೀರ್ಪಿಗೆ ಬದ್ಧರು. ‘ನನಗೆ ಕೇಸಿನ ವಿಷಯ ಗೊತ್ತೇ ಇರಲಿಲ್ಲ, ಪೂರ್ತಿ ಹಣ ಕೊಟ್ಟಿದ್ದೇನೆ’ ಎಂಬ ವಾದ ನಡೆಯುವುದಿಲ್ಲ.

ಹಾಗೆಂದು ಕೊಂಡವರಿಗೆ ಹಕ್ಕೇ ಇಲ್ಲವೆಂದಲ್ಲ. ಆಸ್ತಿಯ ಹಕ್ಕಿನಲ್ಲಿ ತನಗೆ ಗೊತ್ತಿರುವ ದೋಷವನ್ನು ಮಾರುವವರು ತಿಳಿಸಲೇಬೇಕು ಎನ್ನುತ್ತದೆ 55ನೇ ಕಲಂ. ಕೊಟ್ಟ ಮುಂಗಡಕ್ಕೆ ಆ ಆಸ್ತಿಯಲ್ಲಿ ಮಾರುವವರಿಗಿರುವ ಹಕ್ಕಿನ ಮೇಲೆಯೇ ಋಣಭಾರವನ್ನೂ ಅದೇ ಕಲಂ ಕೊಡುತ್ತದೆ.

ಈಗಾಗಲೇ ನೋಂದಣಿ ಮಾಡಿಸಿಕೊಂಡಿದ್ದರೆ ಸುಮ್ಮನೆ ಕೂರಬೇಡಿ. ಹಣ ಕೈಸೇರಿದ ಮೇಲೆ ಮಾರಿದವರು ಕೇಸನ್ನು ಮುತುವರ್ಜಿಯಿಂದ ನಡೆಸುತ್ತಾರೆಂಬ ಭರವಸೆ ಇಲ್ಲ. ನಿಮ್ಮನ್ನೂ ಪಕ್ಷಗಾರರನ್ನಾಗಿ ಸೇರಿಸಿಕೊಳ್ಳುವಂತೆ ಅರ್ಜಿ ಹಾಕಬಹುದು. ಹೀಗೆ ಸೇರಿಸಿಕೊಳ್ಳುವ ಅಧಿಕಾರ ಕೋರ್ಟಿಗಿದೆ ಎಂದು 2013ರ ಥಾಮ್ಸನ್ ಪ್ರೆಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಪಾಲಿನ ದಾವೆಯಾದರೆ, ನೀವು ಕೊಂಡ ಸೈಟನ್ನು ಮಾರಿದವರ ಪಾಲಿಗೇ ಹಂಚಬೇಕೆಂದೂ ಕೇಳಿಕೊಳ್ಳಬಹುದು. ಬಿಲ್ಡರ್‌ ಯೋಜನೆಗಳಲ್ಲಿ ರಕ್ಷಣೆ ಇನ್ನೂ ಗಟ್ಟಿ. ಜಮೀನಿನ ಹಕ್ಕಿನಲ್ಲಿ ದೋಷವಿದ್ದು ನಷ್ಟವಾದರೆ 2016ರ ರೇರಾ ಕಾಯ್ದೆಯ 18ನೇ ಕಲಮಿನಡಿ ಪರಿಹಾರವಿದೆ, ಅದಕ್ಕೆ ಕಾಲಮಿತಿಯ ಅಡ್ಡಿಯಿಲ್ಲ.

ಮುಂಗಡ ಕೊಡುವ ಮುನ್ನ ಇಷ್ಟು ಮಾಡಿ. ಮಾರುವವರ ಹೆಸರು, ಅವರ ತಂದೆಯ ಹೆಸರು, ಅಣ್ಣತಮ್ಮ, ಅಕ್ಕತಂಗಿಯರ ಹೆಸರುಗಳನ್ನು ಬೇರೆ ಬೇರೆ ಕಾಗುಣಿತದಲ್ಲಿ, ವರ್ಷವಾರು ಇ-ಕೋರ್ಟ್ಸ್‌ನಲ್ಲಿ ಹುಡುಕಿ. ತಹಶೀಲ್ದಾರ್, ಉಪವಿಭಾಗಾಧಿಕಾರಿ ಮುಂದಿರುವ ಕಂದಾಯ ವ್ಯಾಜ್ಯಗಳು ಅಲ್ಲಿ ಸಿಗುವುದಿಲ್ಲ, ಬೇರೆಯಾಗಿ ವಿಚಾರಿಸಿ. ವಂಶವೃಕ್ಷ ಕೇಳಿ ಪಡೆಯಿರಿ. ‘ಯಾವ ದಾವೆಯೂ ಇಲ್ಲ, ಇದ್ದರೆ ಮುಂಗಡವನ್ನು ಬಡ್ಡಿಸಮೇತ ಹಿಂತಿರುಗಿಸುತ್ತೇನೆ’ ಎಂದು ಕರಾರಿನಲ್ಲಿ ಬರೆಸಿ.

ನಾನಿದನ್ನು ಬರೆಸಿರಲಿಲ್ಲ. ನೋಟಿಸ್ ಕೊಟ್ಟು, ನಾಲ್ಕು ತಿಂಗಳು ಅಲೆದು, ಎರಡು ಕಂತಿನಲ್ಲಿ ಹಣ ವಾಪಸು ಪಡೆದೆ.

ಮೊದಮೊದಲು ಆ ಅಕ್ಕನ ಮೇಲೇ ಸಿಟ್ಟು ಬಂದಿತ್ತು. ಆಮೇಲೆ ಯೋಚಿಸಿದೆ. ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕು ಎಂದು 2005ರಲ್ಲೇ ಕಾನೂನಾಗಿದೆ. 52ನೇ ಕಲಂ ಇಲ್ಲದಿದ್ದರೆ ತಮ್ಮ ಒಂದೊಂದೇ ಸೈಟು ಮಾರುತ್ತಾ ಹೋಗುತ್ತಿದ್ದ. ಆಕೆ ಹೊಸ ಹೊಸ ಮಾಲೀಕರ ಮೇಲೆ ಕೇಸು ಹಾಕುತ್ತಾ ಮುದುಕಿಯಾಗುತ್ತಿದ್ದಳು. ಆ ಕಾನೂನು ಇರುವುದು ಆಕೆಗಾಗಿ. ನಮ್ಮ ಕೆಲಸ, ಕೊಳ್ಳುವ ಮುನ್ನ ಆಕೆ ಇದ್ದಾಳೋ ಎಂದು ನೋಡುವುದು.