ಖಾಲಿದಿಯಾದವರ ಓಟು ಎಲ್ಲಿ ಹೋಯಿತು?

2023ರ ಮೇ 13, ಶನಿವಾರ. ಬೆಂಗಳೂರಿನಲ್ಲಿ ಎಂಟು ಗಂಟೆಗೆ ಮತ ಎಣಿಕೆ ಶುರುವಾದಾಗ ಅಬುಧಾಬಿಯಲ್ಲಿ ಇನ್ನೂ ಬೆಳಗಿನ ಆರೂವರೆ. ರಜಾದಿನವಾದರೂ ಅಲ್ಲಿನ ಖಾಲಿದಿಯಾ ಬಡಾವಣೆಯ ಕನ್ನಡಿಗರ ಮನೆಗಳಲ್ಲಿ ಟಿವಿ ಆಗಲೇ ಶುರುವಾಗಿತ್ತು. ಒಂದು ಕೈಯಲ್ಲಿ ಕಾಫಿ ಲೋಟ, ಇನ್ನೊಂದರಲ್ಲಿ ಮೊಬೈಲ್. ಊರಿನ ವಾಟ್ಸ್ಯಾಪ್ ಗುಂಪಿನಲ್ಲಿ ಸುತ್ತು ಸುತ್ತಿಗೂ ಲೀಡಿನ ಲೆಕ್ಕ. ಪುತ್ತೂರಿನ ತ್ರಿಕೋನ ಸ್ಪರ್ಧೆ ಏನಾಯಿತು, ಭಟ್ಕಳದಲ್ಲಿ ಯಾರು ಮುಂದೆ, ಕುಂದಾಪುರದಲ್ಲಿ ಅಂತರ ಎಷ್ಟು ಎಂಬುದೆಲ್ಲ ಇವರಿಗೆ ಬಾಯಿಪಾಠ. ಆದರೆ ಮೂರು ದಿನ ಮುಂಚೆ, ಬುಧವಾರ ನಡೆದ ಮತದಾನದಲ್ಲಿ ಇವರ ಪೈಕಿ ಬೆರಳಿಗೆ ಶಾಯಿ ಹಚ್ಚಿಸಿಕೊಂಡವರನ್ನು ಹುಡುಕಬೇಕು.

ಅಂದು ರಾತ್ರಿ ತಡವಾಗಿ ಜಯನಗರದ ಫಲಿತಾಂಶ ಬಂತು. ಬಿಜೆಪಿಯ ಸಿ.ಕೆ. ರಾಮಮೂರ್ತಿ ಕಾಂಗ್ರೆಸ್ಸಿನ ಸೌಮ್ಯಾ ರೆಡ್ಡಿ ಅವರನ್ನು ಸೋಲಿಸಿದ್ದು 16 ಮತಗಳಿಂದ. ಮರು ಎಣಿಕೆಯ ಜಗಳವೆಲ್ಲ ನಿಂತಿದ್ದು ಅಂಚೆ ಮತಗಳ ಮೇಲೆ. ಮಕ್ಕಳು ಹೊರದೇಶದಲ್ಲಿರುವ ಮನೆಗಳು ಜಯನಗರದಲ್ಲಿ ಬೀದಿಗೊಂದರಂತೆ ಸಿಗುತ್ತವೆ. ಆ ಮಕ್ಕಳಲ್ಲಿ ಹದಿನೇಳು ಜನ ಓಟು ಹಾಕಿದ್ದರೆ ಫಲಿತಾಂಶ ಯಾವ ಕಡೆಗೂ ವಾಲಬಹುದಿತ್ತು.

ಇದೇ ಖಾಲಿದಿಯಾದಲ್ಲಿ ಬಾಡಿಗೆಗಿರುವ ಅಮೆರಿಕನ್ ಪ್ರಜೆಯ ಕಥೆ ಬೇರೆ. ಅವನ ರಾಜ್ಯದ ಗವರ್ನರ್ ಎಂದರೆ ನಮ್ಮ ರಾಜ್ಯಪಾಲರಲ್ಲ, ಹೆಚ್ಚುಕಡಿಮೆ ನಮ್ಮ ಮುಖ್ಯಮಂತ್ರಿ. ಬಜೆಟ್ ಮಂಡಿಸುವವರು, ಮಸೂದೆಗೆ ಸಹಿ ಹಾಕುವವರು ಅಥವಾ ತಡೆಯುವವರು ಅವರೇ. ಐವತ್ತು ರಾಜ್ಯಗಳಲ್ಲೂ ಅವರನ್ನು ಜನರೇ ನೇರವಾಗಿ ಆರಿಸುತ್ತಾರೆ. ಹೊರದೇಶದಲ್ಲಿರುವ ಪ್ರಜೆಗೆ ಮತಪತ್ರ ಕಳಿಸಲೇಬೇಕೆಂದು 1986ರಲ್ಲಿ ಕಾನೂನಾಯಿತು. ಚುನಾವಣೆಗೆ 45 ದಿನ ಮೊದಲೇ ಅದು ರವಾನೆಯಾಗಬೇಕೆಂದು 2009ರಲ್ಲಿ ತಿದ್ದುಪಡಿ ಬಂತು. ಈ ಖಾತರಿ ಇರುವುದು ಅಧ್ಯಕ್ಷ ಮತ್ತು ಸಂಸತ್ತಿನ ಚುನಾವಣೆಗೆ ಮಾತ್ರ, ನಿಜ. ಆದರೂ ಊರಿಗೆ ಮರಳುವ ಪ್ರಜೆಗೆ ಗವರ್ನರ್ ಆಯ್ಕೆಯಲ್ಲೂ ಓಟು ಕೊಡುವ ರಾಜ್ಯಗಳು ಅಲ್ಲಿವೆ.

ಆ ಓಟಿನ ತೂಕ ಎಷ್ಟೆಂದು 2004ರಲ್ಲಿ ವಾಷಿಂಗ್ಟನ್ ರಾಜ್ಯ ನೋಡಿತು. ಸುಮಾರು 28 ಲಕ್ಷ ಮತ ಬಿದ್ದ ಚುನಾವಣೆಯಲ್ಲಿ ಕ್ರಿಸ್ಟೀನ್ ಗ್ರೆಗಾಯರ್ ಮೊದಲ ಎಣಿಕೆಯಲ್ಲಿ 261 ಮತ ಹಿಂದಿದ್ದರು, ಮರು ಎಣಿಕೆಯಲ್ಲಿ 42 ಮತ ಹಿಂದಿದ್ದರು. ಕೊನೆಗೆ ಕೈಯಿಂದ ಎಣಿಸಿದಾಗ 129 ಮತಗಳಿಂದ ಗೆದ್ದು ಗವರ್ನರ್ ಆದರು. ನಮ್ಮಲ್ಲೂ ಅದೇ ವರ್ಷ ಸಂತೇಮರಹಳ್ಳಿಯಲ್ಲಿ ಆರ್. ಧ್ರುವನಾರಾಯಣ ಒಂದೇ ಒಂದು ಮತದಿಂದ ಶಾಸಕರಾದರು. ಅಂದು ಸೋತ ಎ.ಆರ್. ಕೃಷ್ಣಮೂರ್ತಿ ಅವರ ಕಾರು ಚಾಲಕನಿಗೇ ಓಟು ಹಾಕಲಾಗಲಿಲ್ಲ ಎಂದು ಚಾಮರಾಜನಗರದ ಕಡೆ ಇಂದಿಗೂ ಹೇಳಿಕೊಳ್ಳುತ್ತಾರೆ.

ಕನ್ನಡಿಗನಿಗೆ ವಿಧಾನಸಭೆಯ ಓಟು ಅಮೆರಿಕದವನಿಗಿಂತಲೂ ಹೆಚ್ಚು ಬೆಲೆಯದ್ದು. ರಾಜ್ಯ ಸರ್ಕಾರದ ಮೇಲೆ ಅವನಿಗಿರುವ ಹಿಡಿತ ಅದೊಂದೇ. ಸಂವಿಧಾನದ ಮೊದಲ ಕರಡುಗಳಲ್ಲಿ ರಾಜ್ಯಪಾಲರನ್ನು ಚುನಾಯಿಸುವ ಯೋಚನೆ ಇತ್ತು. ಜನರೇ ಆರಿಸಿದ ಇಬ್ಬರು ಒಂದೇ ರಾಜ್ಯದಲ್ಲಿ ಕೂತರೆ ಮುಖ್ಯಮಂತ್ರಿಯ ಜತೆ ತಿಕ್ಕಾಟವಾಗುತ್ತದೆಂದು 1949ರ ಮೇ ಕೊನೆಯಲ್ಲಿ ಸಂವಿಧಾನ ಸಭೆ ನೇಮಕದ ದಾರಿ ಹಿಡಿಯಿತು. ತಿಕ್ಕಾಟ ತಪ್ಪಿತೇ? 1989ರ ಏಪ್ರಿಲ್‌ನಲ್ಲಿ ಎಸ್.ಆರ್. ಬೊಮ್ಮಾಯಿ ಸದನದಲ್ಲೇ ಬಹುಮತ ತೋರಿಸುತ್ತೇನೆಂದರೂ ರಾಜ್ಯಪಾಲ ಪಿ. ವೆಂಕಟಸುಬ್ಬಯ್ಯ ಒಪ್ಪಲಿಲ್ಲ, ಸರ್ಕಾರ ಬಿತ್ತು. ಅದು ತಪ್ಪೆಂದು ಸುಪ್ರೀಂ ಕೋರ್ಟ್ ಹೇಳುವಷ್ಟರಲ್ಲಿ 1994 ಬಂದಿತ್ತು.

2018ರಲ್ಲಿ ಮತ್ತೆ ಅದೇ ಪಾಡು. 104 ಸ್ಥಾನ ಗೆದ್ದ ಬಿ.ಎಸ್. ಯಡಿಯೂರಪ್ಪ ಅವರನ್ನು ರಾಜ್ಯಪಾಲ ವಜುಭಾಯಿ ವಾಲಾ ಕರೆದು, ಬಹುಮತ ಸಾಬೀತಿಗೆ 15 ದಿನ ಕೊಟ್ಟರು. ಮೇ 17ರ ನಸುಕಿನಲ್ಲಿ ಸುಪ್ರೀಂ ಕೋರ್ಟ್ ವಿಚಾರಣೆ ನಡೆಸಿ ಮುಗಿಸಿದಾಗ ಅಬುಧಾಬಿಯಲ್ಲಿ ನಸುಕಿನ ನಾಲ್ಕರ ಸುಮಾರು. ಅಲ್ಲಿ ಅಂದು ರಂಜಾನಿನ ಮೊದಲ ಉಪವಾಸ. ಸಹರಿಗೆ ಎದ್ದ ಕರಾವಳಿಯ ಮುಸ್ಲಿಂ ಕುಟುಂಬಗಳು ತಟ್ಟೆಯ ಮುಂದೆ ಕೂತು ಕರ್ನಾಟಕದ ಸುದ್ದಿ ನೋಡಿದವು. 15 ದಿನಗಳ ಗಡುವನ್ನು ಕೋರ್ಟ್ ಮರುದಿನ ಮೇ 19ರ ಸಂಜೆ ನಾಲ್ಕಕ್ಕೆ ಇಳಿಸಿತು, ಬಹುಮತ ಯಾಚನೆಗೆ ಮೊದಲೇ ರಾಜೀನಾಮೆ ಬಂತು. ಒಂದೊಂದು ಶಾಸಕನೂ ಲೆಕ್ಕಕ್ಕೆ ಬಂದ ಆ ಮೂರು ದಿನಗಳಲ್ಲಿ, ಆ ಶಾಸಕನನ್ನು ಆರಿಸುವ ಹಕ್ಕು ಮಾತ್ರ ಖಾಲಿದಿಯಾದವರಿಗೆ ಕಾಗದದ ಮೇಲಷ್ಟೇ ಇತ್ತು.

ಕಾಗದದ ಮೇಲೆ ಇದೆ ಎಂಬುದೇ ನೋವು. 2010ರ ತಿದ್ದುಪಡಿಯಿಂದ ಅನಿವಾಸಿ ಭಾರತೀಯರು ಪಾಸ್‌ಪೋರ್ಟಿನ ವಿಳಾಸದ ಕ್ಷೇತ್ರದಲ್ಲಿ ಹೆಸರು ಸೇರಿಸಬಹುದು. ಅದಕ್ಕೆ ನಮೂನೆ 6ಎ. ಓಟು ಹಾಕಲು ಮಾತ್ರ ಖುದ್ದಾಗಿ, ಮೂಲ ಪಾಸ್‌ಪೋರ್ಟ್ ಹಿಡಿದು ಮತಗಟ್ಟೆಗೆ ಬರಬೇಕು. ಏಪ್ರಿಲ್‌ನಲ್ಲಷ್ಟೇ ಹೊಸ ತರಗತಿ ಶುರುವಾದ ಮಕ್ಕಳನ್ನು ಬಿಟ್ಟು, ವಾರದ ಮಧ್ಯೆ ರಜೆ ಬೇಡಿ, ಮಂಗಳೂರಿಗೆ ಟಿಕೆಟ್ ಮಾಡಿಸಿ ಬರಬೇಕು. ಪರಿಣಾಮ ಲೆಕ್ಕದಲ್ಲೇ ಕಾಣುತ್ತದೆ. 2024ರ ಲೋಕಸಭಾ ಚುನಾವಣೆಗೆ ಇಡೀ ದೇಶದಲ್ಲಿ ಹೆಸರು ನೋಂದಾಯಿಸಿದ ಅನಿವಾಸಿಗಳು ಸುಮಾರು 1.19 ಲಕ್ಷ, ಓಟು ಹಾಕಿದವರು 2,958. ಅದರಲ್ಲೂ 2,670 ಮಂದಿ ಕೇರಳದವರು. ಕರ್ನಾಟಕವೂ ಸೇರಿ ಉಳಿದ ಇಡೀ ದೇಶದ ಪಾಲು ಮುನ್ನೂರರೊಳಗೆ.

ವಿರೋಧಿಸುವವರ ಮಾತಿನಲ್ಲಿ ತೂಕವಿಲ್ಲವೆಂದಲ್ಲ. ಇಲ್ಲಿ ತೆರಿಗೆ ಕಟ್ಟದವರಿಗೆ ಓಟೇಕೆ ಎಂಬುದು ಮೊದಲ ಆಕ್ಷೇಪ. ಆದಾಯ ತೆರಿಗೆ ನೋಡಿ ಓಟು ಕೊಡುವ ಪದ್ಧತಿಯನ್ನು ಈ ಗಣರಾಜ್ಯ ಹುಟ್ಟುವಾಗಲೇ ಬಿಟ್ಟಿತು. ಇನ್ನೊಂದು, ಹೊರಗಿದ್ದವರಿಗೆ ಇಲ್ಲಿನ ಕಷ್ಟಸುಖ ತಟ್ಟುವುದಿಲ್ಲ ಎಂಬುದು. ಅಮೆರಿಕಕ್ಕೆ ಹೋದವರಿಗೆ ಆ ಮಾತು ಕೊಂಚ ಒಪ್ಪಬಹುದು, ಅವರು ಅಲ್ಲಿನ ಪ್ರಜೆಗಳಾಗಬಲ್ಲರು. ಎಮಿರೇಟ್ಸ್‌ನಲ್ಲಿ ಬೆರಳೆಣಿಕೆಯವರನ್ನು ಬಿಟ್ಟರೆ ಪೌರತ್ವ ಯಾರಿಗೂ ಸಿಗುವುದಿಲ್ಲ. ಮೂವತ್ತು ವರ್ಷ ದುಡಿದ ಮೇಲೂ ಕೆಲಸ ಹೋದರೆ ವೀಸಾ ಹೋಗುತ್ತದೆ. ಗಂಟುಮೂಟೆ ಕಟ್ಟಿ ಬರುವುದು ಬಂಟ್ವಾಳಕ್ಕೆ, ಬೈಂದೂರಿಗೆ. ಬರುವ ಊರಿನ ಆಸ್ಪತ್ರೆ, ರಸ್ತೆ, ಶಾಲೆಯ ಬಗ್ಗೆ ಇವರಿಗಿಂತ ಹೆಚ್ಚು ಚಿಂತೆ ಯಾರಿಗಿದೆ?

ನಿಜಕ್ಕೂ ಯೋಚಿಸಬೇಕಾದ ಆಕ್ಷೇಪ ಗುಟ್ಟಿನ ಮತದಾನದ್ದು. ಅಬುಧಾಬಿ ಹೊರವಲಯದ ಮುಸಾಫದ ಲೇಬರ್ ಕ್ಯಾಂಪಿನ ಒಂದು ಕೋಣೆಯಲ್ಲಿ ಹಲವರು ಮಲಗುವಲ್ಲಿ, ಸೂಪರ್‌ವೈಸರ್ ಮತಪತ್ರ ಕಿತ್ತುಕೊಂಡರೆ? ಈ ಭಯ ಇರುವುದರಿಂದಲೇ 2018ರ ಆಗಸ್ಟ್‌ನಲ್ಲಿ ಲೋಕಸಭೆ ಒಪ್ಪಿದ ಮಸೂದೆ ಸರಿಯಿರಲಿಲ್ಲ. ಊರಲ್ಲಿರುವ ಇನ್ನೊಬ್ಬರ ಕೈಗೆ ನಮ್ಮ ಓಟು ಕೊಡುವ ಪ್ರಾಕ್ಸಿ ಪದ್ಧತಿ ಅದು. ಆ ಲೋಕಸಭೆಯ ಅವಧಿ ಮುಗಿಯುತ್ತಲೇ ಮಸೂದೆಯೂ ಬಿದ್ದುಹೋಯಿತು. ಓಟು ಹಾಕಬೇಕಾದದ್ದು ರಾಯಭಾರ ಕಚೇರಿಯ ಕಣ್ಣಳತೆಯಲ್ಲಿ. ಪರದೇಶದ ನೆಲದಲ್ಲಿ ಇದು ಸಾಧ್ಯವೇ ಎನ್ನುವವರು ಫಿಲಿಪ್ಪೀನ್ಸಿನವರನ್ನು ಕೇಳಲಿ. ಅವರು ಎಮಿರೇಟ್ಸ್‌ನಲ್ಲಿದ್ದುಕೊಂಡೇ ತಮ್ಮ ದೇಶದ ಅಧ್ಯಕ್ಷರನ್ನು ಆರಿಸುತ್ತಾರೆ.

ಅಷ್ಟು ದೂರ ಹೋಗುವುದೂ ಬೇಡ. ಅಬುಧಾಬಿಯ ಭಾರತೀಯ ರಾಯಭಾರ ಕಚೇರಿಯ ಕೌಂಟರಿನ ಆಚೆ ಕೂತ ಸರ್ಕಾರಿ ನೌಕರ ಕಾನೂನಿನ ಪ್ರಕಾರ ಸೇವಾ ಮತದಾರ. ಅವನಿಗೆ ಮತಪತ್ರ ಇಲೆಕ್ಟ್ರಾನಿಕ್ ರೂಪದಲ್ಲಿ ಬರುತ್ತದೆ, ಮುದ್ರಿಸಿ ಗುರುತು ಹಾಕಿ ಅಂಚೆಗೆ ಹಾಕಿದರಾಯಿತು. ಕೌಂಟರಿನ ಈಚೆ, ಟೋಕನ್ ಹಿಡಿದು ನಿಂತ ಖಾಲಿದಿಯಾದ ಗುಮಾಸ್ತನಿಗೆ ಆ ಸೌಲಭ್ಯವಿಲ್ಲ. ಇಬ್ಬರ ಪಾಸ್‌ಪೋರ್ಟಿನ ಮೇಲೂ ಇರುವುದು ಅದೇ ಅಶೋಕ ಸ್ತಂಭ.

ಅಬುಧಾಬಿಯಲ್ಲೇ ಆಸ್ಪತ್ರೆಗಳನ್ನು ಕಟ್ಟಿದ ಕೇರಳದ ವೈದ್ಯ ಶಂಷೀರ್ ವಯಲಿಲ್ ಈ ಹಕ್ಕಿಗಾಗಿ ಸುಪ್ರೀಂ ಕೋರ್ಟಿನ ಮೆಟ್ಟಿಲು ಹತ್ತಿ ದಶಕ ದಾಟಿದೆ. ಚುನಾವಣಾ ಆಯೋಗವೂ 2020ರ ನವೆಂಬರ್‌ನಲ್ಲಿ ಕಾನೂನು ಸಚಿವಾಲಯಕ್ಕೆ ಪತ್ರ ಬರೆದು, ಸೇವಾ ಮತದಾರರ ವ್ಯವಸ್ಥೆಯನ್ನು ಅನಿವಾಸಿಗಳಿಗೂ ವಿಸ್ತರಿಸಲು ತಾನು ಸಿದ್ಧ ಎಂದಿತು. ಇದಕ್ಕೆ ಸಂಸತ್ತಿನಲ್ಲಿ ಹೊಸ ಕಾಯ್ದೆಯೇ ಬೇಕಿಲ್ಲ, 1961ರ ಚುನಾವಣಾ ನಿರ್ವಹಣಾ ನಿಯಮಗಳನ್ನು ಕೇಂದ್ರ ಸರ್ಕಾರ ತಿದ್ದಿದರೆ ಸಾಕು. ಕೇರಳದವರು ಕೋರ್ಟಿಗೆ ಹೋದರು, ವಿಮಾನ ಹತ್ತಿ ಬಂದು ಓಟನ್ನೂ ಹಾಕಿದರು. ಕರ್ನಾಟಕದ ಪಕ್ಷಗಳು ರಾಜ್ಯೋತ್ಸವಕ್ಕೆಂದು ಗಲ್ಫಿಗೆ ನಾಯಕರನ್ನು ಕಳಿಸುತ್ತವೆ, ಬಂಡವಾಳ ಹೂಡಿ ಎಂದು ಕರೆಯುತ್ತವೆ. ಮುಂದಿನ ವಿಧಾನಸಭಾ ಚುನಾವಣೆ 2028ರಲ್ಲಿ. ಅದಕ್ಕೆ ಮೊದಲು ಆ ನಿಯಮ ತಿದ್ದಿ ಎಂದು ವಿಧಾನಸೌಧದಿಂದ ಒಂದು ನಿರ್ಣಯ ದೆಹಲಿಗೆ ಹೋಗಲಿ. ಖಾಲಿದಿಯಾದವರೂ ಈಗಲೇ ನಮೂನೆ 6ಎ ತುಂಬಿ ಪಟ್ಟಿಯಲ್ಲಿ ಹೆಸರು ಬರೆಸಿಕೊಳ್ಳಲಿ.