ಯಾರ ಬೆನ್ನ ಮೇಲೆ ಯಾರ ಅಭಿವೃದ್ಧಿ?



ಅರ್ಥಶಾಸ್ತ್ರ ಓದುವ ನಮ್ಮ ಹಾಸ್ಟೆಲಿನ ಹುಡುಗ ಹುಡುಗಿಯರೆಲ್ಲ ಒಂದು ಪಾಠವನ್ನು ಬಾಯಿಪಾಠ ಮಾಡಿಕೊಂಡೇ ಪರೀಕ್ಷೆಗೆ ಹೋಗುತ್ತಾರೆ. ಬಡ ದೇಶಗಳು ಯಾಕೆ ಬಡವಾಗಿವೆ ಅನ್ನುವ ಪಾಠ. ಉಳಿತಾಯ ಇಲ್ಲ, ಅದಕ್ಕೇ ಬಂಡವಾಳ ಇಲ್ಲ; ಬಂಡವಾಳ ಇಲ್ಲ, ಅದಕ್ಕೇ ಉತ್ಪಾದನೆ ಇಲ್ಲ; ಉತ್ಪಾದನೆ ಇಲ್ಲ, ಅದಕ್ಕೇ ಉಳಿತಾಯ ಇಲ್ಲ. ಇದಕ್ಕೆ ಬಡತನದ ವಿಷವರ್ತುಲ ಅಂತ ಹೆಸರು. ಬರೆದರೆ ಮಾರ್ಕು ಸಿಗುತ್ತದೆ. ಬರೆಯಿರಿ, ಬೇಡ ಅನ್ನುವುದಿಲ್ಲ. ಆದರೆ ಈ ವರ್ತುಲದೊಳಗೆ ಒಬ್ಬ ಮನುಷ್ಯನಾದರೂ ಕಾಣುತ್ತಾನಾ ನೋಡಿ. ಗಣಿಯ ಒಡೆಯ ಇಲ್ಲ, ಸಾಲ ಕೊಟ್ಟ ಬ್ಯಾಂಕು ಇಲ್ಲ, ಹೊಲ ಕಳೆದುಕೊಂಡವನು ಇಲ್ಲ. ಬಡತನ ಗಾಣದೆತ್ತಿನ ಹಾಗೆ ತನ್ನಷ್ಟಕ್ಕೆ ತಾನೇ ಸುತ್ತುತ್ತಿದೆ. ಗಾಣ ಯಾರದು, ಎಣ್ಣೆ ಯಾರ ಮನೆಗೆ ಹೋಯಿತು ಅನ್ನೋದು ಸಿಲಬಸ್ಸಿನಲ್ಲಿ ಇಲ್ಲ.

ಈ ಪ್ರಶ್ನೆಯನ್ನು ಈ ಸಲ ನಾವು ಆಫ್ರಿಕಾದ ಘಾನಾ ದೇಶವನ್ನು ಮುಂದಿಟ್ಟುಕೊಂಡು ಕೇಳುತ್ತಿದ್ದೇವೆ. ಯಾಕೆಂದರೆ ಅಭಿವೃದ್ಧಿಯ ದೊಡ್ಡ ದೊಡ್ಡ ಸಿದ್ಧಾಂತಗಳೆಲ್ಲ ಆ ಸಣ್ಣ ದೇಶದ ಮೈಮೇಲೆ ಹಾದುಹೋಗಿವೆ.

ಮೊದಲು ಸಿದ್ಧಾಂತಗಳ ಮಾತು. 1960ರಲ್ಲಿ ಅಮೆರಿಕದ ರೋಸ್ಟೋ ಎಂಬುವರು ಒಂದು ಪುಸ್ತಕ ಬರೆದರು. ಎಲ್ಲ ದೇಶಗಳೂ ಐದು ಹಂತ ಹತ್ತಬೇಕು, ಮೂರನೆಯ ಹಂತದಲ್ಲಿ ವಿಮಾನ ನೆಲ ಬಿಟ್ಟು ಏಳುವ ಹಾಗೆ ದೇಶ ಮೇಲೇಳುತ್ತದೆ, ಕೊನೆಗೆ ಎಲ್ಲರೂ ಅಮೆರಿಕದ ಹಾಗೆ ಆಗುತ್ತಾರೆ ಅಂದರು. ಇದೇ ರೋಸ್ಟೋ 1966ರಿಂದ 1969ರವರೆಗೆ ಅಮೆರಿಕದ ಅಧ್ಯಕ್ಷರಿಗೆ ಭದ್ರತಾ ಸಲಹೆಗಾರರಾಗಿದ್ದರು. ವಿಯೆಟ್ನಾಮಿನ ಮೇಲೆ ಬಾಂಬು ಸುರಿಯಬೇಕು ಅಂತ ಪಟ್ಟು ಹಿಡಿದವರಲ್ಲಿ ಒಬ್ಬರು. ಮೆಟ್ಟಿಲು ತೋರಿಸಿದ ಕೈ ಯಾವುದು ಅಂತ ತಿಳಿದಿರಲಿ.

ಇನ್ನೊಬ್ಬರು ಆರ್ಥರ್ ಲೂಯಿಸ್. ಕೆರಿಬಿಯನ್ ಸಮುದ್ರದ ಸೇಂಟ್ ಲೂಸಿಯಾ ಎಂಬ ಪುಟ್ಟ ದ್ವೀಪದ ಕಪ್ಪು ಜನಾಂಗದವರು. ಎಂಜಿನಿಯರ್ ಆಗಬೇಕು ಅಂತ ಆಸೆಯಿತ್ತು. ಕರಿಯ ಎಂಜಿನಿಯರನಿಗೆ ಸರ್ಕಾರವೂ ಕೆಲಸ ಕೊಡುವುದಿಲ್ಲ, ಸಕ್ಕರೆ ತೋಟದವರೂ ಕೊಡುವುದಿಲ್ಲ ಅಂತ ಗೊತ್ತಾಗಿ ಬೇರೆ ದಾರಿ ಹಿಡಿದರು. 1979ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಪಡೆದರು. 1954ರಲ್ಲಿ ಅವರು ಹೇಳಿದ್ದು ಇಷ್ಟು: ಬಡ ದೇಶದ ಹಳ್ಳಿಗಳಲ್ಲಿ ಕೆಲಸಕ್ಕಿಂತ ಕೈಗಳೇ ಹೆಚ್ಚು. ಆ ಕೈಗಳನ್ನು ಕಾರ್ಖಾನೆಗೆ ತಂದರೆ, ಕೂಲಿ ಏರದೆ ಲಾಭ ಏರುತ್ತದೆ, ಲಾಭ ಮತ್ತೆ ಬಂಡವಾಳವಾಗುತ್ತದೆ, ದೇಶ ಬೆಳೆಯುತ್ತದೆ.

ಮೂರನೆಯ ಮಾತು ಲ್ಯಾಟಿನ್ ಅಮೆರಿಕದ ಪ್ರೆಬಿಷ್ ಅವರದು. ಕಚ್ಚಾ ಮಾಲು ಮಾರುವವನ ಬೆಲೆ ಕಾಲ ಕಳೆದಂತೆ ಇಳಿಯುತ್ತದೆ, ಯಂತ್ರ ಮಾರುವವನ ಬೆಲೆ ಏರುತ್ತದೆ. ಹೀಗಾಗಿ ವ್ಯಾಪಾರ ಮಾಡಿಕೊಂಡೇ ಬಡವರಾಗಬಹುದು ಅಂತ ಅವರು 1950ರ ಹೊತ್ತಿಗೇ ಹೇಳಿದರು. ನಮ್ಮ ಊರಿನ ಸಂತೆಯಲ್ಲಿ ಟೊಮೇಟೊ ಸುರಿದು ಬರಿಗೈಲಿ ಬಂದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಈಗ ಘಾನಾ. 1957ರ ಮಾರ್ಚ್ 6ರಂದು ಬ್ರಿಟಿಷರಿಂದ ಬಿಡುಗಡೆಯಾಯಿತು. ಮುಂದಾಳು ಕ್ವಾಮೆ ಎನ್‌ಕ್ರುಮಾ. ದೇಶದ ಬೆಳೆ ಕೋಕೋ. ಚಾಕಲೇಟು ಆಗುವುದು ಅದರಿಂದಲೇ. ಬ್ರಿಟಿಷರು 1947ರಲ್ಲಿ ಒಂದು ಕೋಕೋ ಮಂಡಳಿ ಮಾಡಿದ್ದರು. ರೈತ ಮಂಡಳಿಗೇ ಮಾರಬೇಕು. ಮಂಡಳಿ ಕಡಿಮೆ ಬೆಲೆ ಕೊಟ್ಟು, ಹೊರಗೆ ಹೆಚ್ಚಿಗೆ ಮಾರಿ, ಉಳಿದ ದುಡ್ಡನ್ನು ಲಂಡನ್ನಿನಲ್ಲಿ ಇಡುತ್ತಿತ್ತು. ಬಿಳಿಯರು ಹೋದ ಮೇಲೆ ಮಂಡಳಿ ಹೋಯಿತೇ? ಇಲ್ಲ. ಸ್ವಾತಂತ್ರ್ಯಕ್ಕೆ ಮೊದಲೇ, 1954ರಲ್ಲಿ, ಎನ್‌ಕ್ರುಮಾ ಸರ್ಕಾರ ರೈತನ ಬೆಲೆಯನ್ನು ಕಟ್ಟಿಹಾಕುವ ಕಾನೂನು ತಂದಿತು. ಉಳಿದ ದುಡ್ಡು ಅಭಿವೃದ್ಧಿಗೆ ಅಂತ. ಅಶಾಂತಿ ಸೀಮೆಯ ಕೋಕೋ ರೈತರು ಸಿಟ್ಟೆದ್ದರು. ಆ ದುಡ್ಡಿನಿಂದ ಶಾಲೆ, ರಸ್ತೆ, ಬಂದರು ಆಗಿದ್ದು ನಿಜ. 1961ರ ಕಾನೂನು ಪ್ರಾಥಮಿಕ ಶಾಲೆಗೆ ಫೀಸು ಇಲ್ಲ ಅಂದಿದ್ದೂ ನಿಜ. ಆದರೆ ಕೋಕೋ ಬೆಲೆ 1965ರಲ್ಲಿ ನೆಲ ಕಚ್ಚಿದಾಗ ಪ್ರೆಬಿಷ್ ಹೇಳಿದ್ದು ಕಣ್ಣೆದುರು ಬಂತು. ಖಜಾನೆ ಬರಿದಾಯಿತು.

ಆ ದೇಶದ ಕನಸೆಲ್ಲ ಒಂದು ಅಣೆಕಟ್ಟಿನ ಮೇಲೆ ನಿಂತಿತ್ತು. ವೋಲ್ಟಾ ನದಿಗೆ ಅಕೋಸೊಂಬೊದಲ್ಲಿ ಕಟ್ಟಿದ್ದು. ಕೆಲಸ 1961ರಲ್ಲಿ ಶುರುವಾಗಿ 1965ಕ್ಕೆ ಮುಗಿಯಿತು. ಅರ್ಧ ದುಡ್ಡು ಘಾನಾದ್ದು, ಇನ್ನರ್ಧ ವಿಶ್ವ ಬ್ಯಾಂಕು, ಅಮೆರಿಕ, ಬ್ರಿಟನ್ನುಗಳ ಸಾಲ. ಸುಮಾರು 8,500 ಚದರ ಕಿಲೋಮೀಟರು ನೆಲ ಮುಳುಗಿತು. ಸುಮಾರು 740 ಹಳ್ಳಿಗಳು ಹೋದವು. 80,000 ಜನ ಗಂಟುಮೂಟೆ ಕಟ್ಟಿದರು. ಅಂದರೆ ದೇಶದ ನೂರು ಜನರಲ್ಲಿ ಒಬ್ಬರು. ಅವರನ್ನು 52 ಹೊಸ ಊರುಗಳಿಗೆ ಹಾಕಿದರು. ಒಂದು ಸಂಸಾರಕ್ಕೆ ಒಂದು ಕೋಣೆ ಕಟ್ಟಿಕೊಟ್ಟು, ಉಳಿದದ್ದು ನೀವೇ ಕಟ್ಟಿಕೊಳ್ಳಿ ಅಂದರು. ಬೇಸಾಯಕ್ಕೆ ಭೂಮಿ ಸಾಲದೆ ಕೆಲವೇ ವರ್ಷಗಳಲ್ಲಿ ಅನೇಕರು ಆ ಊರುಗಳನ್ನು ಬಿಟ್ಟರು. ಕೆರೆಯ ದಂಡೆಗೆ ಹೋಗಿ ನೆಲೆಸಿದವರ ಮಕ್ಕಳಿಗೆ ನೀರಿನ ಬಸವನಹುಳುವಿನಿಂದ ಹರಡುವ, ಮೂತ್ರದಲ್ಲಿ ರಕ್ತ ಹೋಗುವ ಕಾಯಿಲೆ ಹಬ್ಬಿತು.

ಕರೆಂಟು ಎಲ್ಲಿಗೆ ಹೋಯಿತು? ಟೆಮಾ ಬಂದರಿನ ಅಲ್ಯೂಮಿನಿಯಂ ಕಾರ್ಖಾನೆಗೆ. ಅದರ ಒಡೆತನ ಅಮೆರಿಕದ ಕೈಸರ್ ಮತ್ತು ರೆನಾಲ್ಡ್ಸ್ ಕಂಪನಿಗಳದು. ಅಣೆಕಟ್ಟಿನ ಕರೆಂಟಿನಲ್ಲಿ ಅರ್ಧಕ್ಕಿಂತ ಹೆಚ್ಚು ಅಲ್ಲಿಗೇ, ಅದೂ ತೀರಾ ಅಗ್ಗದ ದರಕ್ಕೆ, ಮೂವತ್ತು ವರ್ಷದ ಕರಾರಿನ ಮೇಲೆ. ಘಾನಾದ ನೆಲದಲ್ಲೇ ಬಾಕ್ಸೈಟು ಇತ್ತು. ಕಾರ್ಖಾನೆ ಅದನ್ನು ಮುಟ್ಟಲಿಲ್ಲ, ಕಚ್ಚಾ ಮಾಲನ್ನು ಹಡಗಿನಲ್ಲಿ ತರಿಸಿಕೊಂಡಿತು. ಊರು ಕಳೆದುಕೊಂಡವರ ಹಲವು ಹೊಸ ಊರುಗಳಿಗೆ ದಶಕಗಳವರೆಗೂ ಆ ಕರೆಂಟು ಬರಲಿಲ್ಲ. ಕರಾರಿನ ದರವನ್ನು 1985ರಲ್ಲಿ ಮತ್ತೆ ಮಾತಾಡಿ ಏರಿಸಿದರು. ಕೈಸರ್ ಪಾಲನ್ನು ಘಾನಾ ಸರ್ಕಾರ ಕೊಂಡುಕೊಂಡಿದ್ದು 2004ರಲ್ಲಿ.

ಅಣೆಕಟ್ಟಿನ ಉದ್ಘಾಟನೆ 1966ರ ಜನವರಿ 22ಕ್ಕೆ. ಫೆಬ್ರವರಿ 24ಕ್ಕೆ ಸೈನ್ಯ ಎನ್‌ಕ್ರುಮಾ ಅವರನ್ನು ಇಳಿಸಿತು.

ಇಲ್ಲಿ ಲೂಯಿಸರ ಕತೆ ಮತ್ತೆ ಬರುತ್ತದೆ. ಅವರು 1953ರಲ್ಲೇ ಆ ದೇಶಕ್ಕೆ ಒಂದು ವರದಿ ಕೊಟ್ಟಿದ್ದರು. ಕಾರ್ಖಾನೆಗೆ ಅವಸರ ಬೇಡ, ಮೊದಲು ಅನ್ನ ಬೆಳೆಯುವವನ ಕೈ ಬಲ ಮಾಡಿ ಅಂದಿದ್ದರು. 1957ರಲ್ಲಿ ಸಲಹೆಗಾರರಾಗಿ ಹೋದರು, ಎನ್‌ಕ್ರುಮಾ ಅವರ ಜೊತೆ ಹೊಂದದೆ 1958ರಲ್ಲಿ ಹೊರಬಂದರು. ಅವರ ಸಿದ್ಧಾಂತ ಪಠ್ಯಪುಸ್ತಕ ಸೇರಿತು. ಅನ್ನ ಬೆಳೆಯುವವನ ಮಾತು ಕಡತದಲ್ಲಿ ಉಳಿಯಿತು. ಸಿದ್ಧಾಂತಗಳಲ್ಲಿ ಆಳುವವರು ತಮಗೆ ಬೇಕಾದ ಅರ್ಧ ಮಾತ್ರ ಓದುತ್ತಾರೆ.

ಮುಂದೆ 1983ರಲ್ಲಿ ಸಾಲಗಾರರ ಸರದಿ. ಬರಗಾಲದ ವರ್ಷ. ಐಎಂಎಫ್ ಮತ್ತು ವಿಶ್ವ ಬ್ಯಾಂಕಿನ ಷರತ್ತುಗಳಿಗೆ ಒಪ್ಪಿ ನಾಣ್ಯದ ಬೆಲೆ ಇಳಿಸಿದರು, ಸರ್ಕಾರಿ ಖರ್ಚು ಕತ್ತರಿಸಿದರು. 1985ರಲ್ಲಿ ಆಸ್ಪತ್ರೆಯಲ್ಲಿ ಫೀಸು ಏರಿಸಿದರು. ಅಂಕಿಗಳು ಏರಿದವು, ಘಾನಾ ಒಳ್ಳೆಯ ವಿದ್ಯಾರ್ಥಿ ಅಂತ ಹೊಗಳಿಸಿಕೊಂಡಿತು. ಆ ಒಳ್ಳೆಯ ವಿದ್ಯಾರ್ಥಿ 2022ರ ಡಿಸೆಂಬರಿನಲ್ಲಿ ಹೊರಗಿನ ಸಾಲದ ಬಹುಪಾಲನ್ನು ಕಟ್ಟಲಾರೆ ಅಂತ ಕೈ ಚೆಲ್ಲಿತು. 2023ರ ಮೇ ತಿಂಗಳಲ್ಲಿ 300 ಕೋಟಿ ಡಾಲರಿಗೆ ಮತ್ತೆ ಐಎಂಎಫ್ ಬಾಗಿಲಿಗೆ ಹೋಯಿತು. ಅದು ಆ ಬಾಗಿಲಿಗೆ ಹದಿನೇಳನೆಯ ಸಲ.

ಕೆಲವರು ಕೇಳುತ್ತಾರೆ: ಹಾಗಾದರೆ ಅಣೆಕಟ್ಟು ಬೇಡವಾ, ಕಾರ್ಖಾನೆ ಬೇಡವಾ, ಹಳ್ಳಿಯಲ್ಲೇ ಬಿದ್ದಿರಬೇಕಾ? ನಾವು ಹಾಗೆ ಹೇಳುವುದಿಲ್ಲ. ಅಕೋಸೊಂಬೊ ಘಾನಾದ ಊರುಗಳಿಗೆ ದಶಕಗಳ ಕಾಲ ಬೆಳಕು ಕೊಟ್ಟಿದೆ. ಹಳ್ಳಿಯನ್ನು ಸ್ವರ್ಗ ಅನ್ನುವವರು ಹಳ್ಳಿಯ ಯಾವ ಕೇರಿಯಲ್ಲಿ ಹುಟ್ಟಿದವರು ಅಂತ ನಮಗೆ ಗೊತ್ತು. ಬಾಬಾಸಾಹೇಬರು 1918ರಲ್ಲೇ, ಲೂಯಿಸರಿಗಿಂತ 36 ವರ್ಷ ಮೊದಲು, ಇಂಡಿಯಾದ ಸಣ್ಣ ಹಿಡುವಳಿಗಳ ಬಗ್ಗೆ ಒಂದು ಲೇಖನ ಬರೆದರು. ಭೂಮಿಯ ಮೇಲೆ ಕೆಲಸವಿಲ್ಲದ ಕೈಗಳ ಭಾರ ಬಿದ್ದಿದೆ, ಕೈಗಾರಿಕೆ ಬೆಳೆದರೇ ಆ ಭಾರ ಇಳಿಯುವುದು ಅಂದರು. ನಮ್ಮ ಪಠ್ಯಪುಸ್ತಕಗಳಲ್ಲಿ ಲೂಯಿಸ್ ಸಿಗುತ್ತಾರೆ, ಈ ಲೇಖನ ಹುಡುಕಬೇಕು. ಆದರೆ ಬಾಬಾಸಾಹೇಬರು ಅಷ್ಟಕ್ಕೇ ನಿಲ್ಲಲಿಲ್ಲ. 1947ರಲ್ಲಿ ಮುಖ್ಯ ಕೈಗಾರಿಕೆಯೂ ಬೇಸಾಯದ ಭೂಮಿಯೂ ಸರ್ಕಾರದ ಒಡೆತನಕ್ಕೆ ಬರಬೇಕು, ಅದನ್ನು ಸಂವಿಧಾನದಲ್ಲೇ ಬರೆಯಬೇಕು ಅಂತ ಕೇಳಿದರು. ಕೈಗಳು ಹಳ್ಳಿಯಿಂದ ಕಾರ್ಖಾನೆಗೆ ಹೋದರೆ ಸಾಲದು, ಆ ಕಾರ್ಖಾನೆ ಯಾರದು ಅನ್ನೋದೂ ಮುಖ್ಯ ಅಂತ ಅವರಿಗೆ ಗೊತ್ತಿತ್ತು. ಕೂಲಿ ಏರದೆ ಲಾಭ ಏರುತ್ತದೆ ಅನ್ನುವ ಸಾಲನ್ನು ಲಾಭದವನು ಓದುವುದು ಒಂದು ಥರ, ಕೂಲಿಯವನ ಮಗ ಓದುವುದು ಇನ್ನೊಂದು ಥರ.

ಘಾನಾದಲ್ಲಿ ಧ್ವಜ ಬದಲಾಯಿತು, ಸಿದ್ಧಾಂತ ಬದಲಾಯಿತು, ಸಾಲ ಕೊಡುವವರ ಮಾತು ಬದಲಾಯಿತು. ದುಡ್ಡು ತೆತ್ತವರು ಮಾತ್ರ ಬದಲಾಗಲಿಲ್ಲ. ಕೋಕೋ ಕೀಳುವವನು, ಊರು ಮುಳುಗಿದವಳು, ಆಸ್ಪತ್ರೆ ಬಾಗಿಲಲ್ಲಿ ಜೇಬು ತಡಕಿದವನು. ಇವರಲ್ಲಿ ಒಬ್ಬರೂ ಕರಾರಿಗೆ ಸಹಿ ಹಾಕಿದವರಲ್ಲ.

ಅದಕ್ಕೇ ನಮ್ಮ ಮಾತು ಇಷ್ಟೆ. ನಿಮ್ಮ ಜಿಲ್ಲೆಗೆ ಯಾವುದೇ ಯೋಜನೆ ಬರಲಿ, ನಾಲ್ಕು ಪ್ರಶ್ನೆ ಕೇಳಿ. ನೆಲ ಯಾರದು ಹೋಯಿತು? ಸಾಲ ಯಾರ ತಲೆಗೆ? ನೀರು, ಕರೆಂಟು ಯಾರಿಗೆ, ಯಾವ ದರಕ್ಕೆ, ಎಷ್ಟು ವರ್ಷಕ್ಕೆ? ಕಾಗದಕ್ಕೆ ಸಹಿ ಹಾಕುವಾಗ ಯಾರು ಕೂತಿದ್ದರು, ಯಾರು ಹೊರಗೆ ನಿಂತಿದ್ದರು? ವಾರಕ್ಕೊಂದು ಸಂಜೆ ಹಾಸ್ಟೆಲಿನಲ್ಲಿ ಕೂತು ಪಠ್ಯಪುಸ್ತಕದ ಒಂದೊಂದು ಪಾಠವನ್ನು ಈ ನಾಲ್ಕು ಪ್ರಶ್ನೆ ಇಟ್ಟುಕೊಂಡು ಓದಿ. ಪರೀಕ್ಷೆಗೆ ವಿಷವರ್ತುಲ ಬರೆಯಿರಿ, ಪಾಸಾಗಿ. ಪಾಸಾದ ಮೇಲೆ ಆ ವರ್ತುಲದಲ್ಲಿ ಬಿಟ್ಟುಹೋದ ಹೆಸರುಗಳನ್ನು ಬರೆಯುವ ಕೆಲಸ ನಿಮ್ಮದೇ.