ಇಲಿಬಿಲದ ಕಟ್ಟುಹಾವು

ಮಳೆ ಬಿದ್ದು ನೆಲ ಹದವಾಯಿತೆಂದರೆ ನಮ್ಮ ರಾಯದುರ್ಗ, ಮಡಕಶಿರ ಸೀಮೆಯ ರೈತರಿಗೆ ಬಿತ್ತನೆಯ ಆತುರ. ಹಾವುಗಳೂ ಅದೇ ಕಾಲಕ್ಕೆ ಹೊರಬೀಳುತ್ತವೆ. ನಾಗರಹಾವು, ಕೊಳಕುಮಂಡಲ, ಗರಗಸಮಂಡಲಗಳ ಭಯ ಎಲ್ಲರಿಗೂ ಉಂಟು. ಹೊಲದಲ್ಲಿ ನೋಡಿಕೊಂಡೇ ಹೆಜ್ಜೆಯಿಡುತ್ತೇವೆ. ಆದರೆ ಮನೆಯೊಳಗೆ, ಮಲಗಿದಲ್ಲಿಯೇ ಪ್ರಾಣ ತೆಗೆಯುವ ಹಾವೊಂದಿದೆ. ಅದು ಕಟ್ಟುಹಾವು. ಕೆಲವರು ಕಡಂಬಳವೆನ್ನುತ್ತಾರೆ, ತೆಲುಗಿನವರ ಕಟ್ಲಪಾಮು ಇದೇ.

ಇದು ತಾನಾಗಿ ಬಿಲ ತೋಡುವ ಹಾವಲ್ಲ. ಇಲಿ ತೋಡಿದ ಬಿಲ, ಹುತ್ತ, ಕಲ್ಲುಗೋಡೆಯ ಸಂದು, ಇಟ್ಟಿಗೆಯ ರಾಶಿ ಇವೇ ಅದರ ಬಿಡಾರ. ಹಗಲಲ್ಲಿ ಸುರುಳಿಯೊಳಗೆ ತಲೆ ಮರೆಸಿಕೊಂಡು ಬಿದ್ದಿರುತ್ತದೆ, ಕೆಣಕಿದರೂ ಬೇಗ ಕಚ್ಚದು. ರಾತ್ರಿಯಾದೊಡನೆ ಇಲಿ, ಹಲ್ಲಿ, ಇತರ ಹಾವುಗಳನ್ನು ಅರಸುತ್ತ ಹೊರಡುತ್ತದೆ. ಮಿರುಗುವ ಕಪ್ಪು ಮೈ, ಅಡ್ಡಲಾಗಿ ಸಣ್ಣ ಬಿಳಿ ಪಟ್ಟೆಗಳು. ಈ ಪಟ್ಟೆಗಳು ಕುತ್ತಿಗೆಯ ಕಡೆಗೆ ಮಾಸಿ, ಬಾಲದ ಕಡೆಗೆ ಸ್ಪಷ್ಟವಾಗಿರುತ್ತವೆ. ವಿಷವಿಲ್ಲದ ತೋಳಹಾವಿನಲ್ಲಿ ಇದು ತಿರುಗುಮುರುಗು. ಆದರೆ ಕತ್ತಲಲ್ಲಿ ಪಟ್ಟೆ ಎಣಿಸುತ್ತ ನಿಲ್ಲುವುದು ಜಾಣತನವಲ್ಲ.

ನಿಜವಾಗಿ ಮಣ್ಣಿನಲ್ಲಿ ಹೂತುಕೊಂಡು ಬದುಕುವುದು ಎರಡು ತಲೆ ಹಾವು. ಅದಕ್ಕೆ ವಿಷವೇ ಇಲ್ಲ. ಅದರಿಂದ ಹಣ ಬರುತ್ತದೆಂಬ ಸುಳ್ಳನ್ನು ನಂಬಿ ಹಿಡಿದು ಮಾರಹೋಗಿ ಸೆರೆಮನೆ ಸೇರಿದವರಿದ್ದಾರೆ. ನಿರಪರಾಧಿಯ ಬೆನ್ನುಹತ್ತುವ ನಾವು, ತಲೆದಿಂಬಿನ ಪಕ್ಕದ ಇಲಿಬಿಲವನ್ನು ಮಾತ್ರ ಮುಚ್ಚುವುದಿಲ್ಲ!

ಈ ಸೀಮೆಯ ಮುಖ್ಯ ಬೆಳೆ ಶೇಂಗಾ. ಮಡಕಶಿರದ ಕಡೆ ಕಡಲೆಕಾಯಿ ಎನ್ನುತ್ತಾರೆ. ಕಾಯಿ ಮೂಟೆಗಳನ್ನು ಮಲಗುವ ಮನೆಯಲ್ಲಿಯೇ ಪೇರಿಸುವುದು, ಹೊಟ್ಟಿನ ಬಣವೆಯನ್ನು ಗೋಡೆಗೊರಗಿಸಿ ಒಟ್ಟುವುದು ರೂಢಿ. ಕಾಯಿಗೆ ಇಲಿ ಬರುತ್ತದೆ, ಇಲಿಯ ಹಿಂದೆ ಹಾವು ಬರುತ್ತದೆ. ಅದರ ದಾರಿಯಲ್ಲಿ ಚಾಪೆ ಹಾಸಿ ಮಲಗಿದವನು ಮಗ್ಗಲು ಬದಲಿಸಿದರೆ ಸಾಕು, ಕಚ್ಚುತ್ತದೆ. ಮೂಟೆಗಳಿಗೆ ಬೇರೆ ಕೋಣೆ ಇಲ್ಲದ ಬಡವರು ಏನು ಮಾಡಬೇಕೆಂದು ಕೇಳಬಹುದು. ಅವರು ಮಂಚದ ಮೇಲೆ ಮಲಗಲಿ. ಮಂಚವಿಲ್ಲದಿದ್ದರೆ ಸೊಳ್ಳೆಪರದೆ ಕಟ್ಟಿ, ಅದರ ಅಂಚನ್ನು ಚಾಪೆಯ ಕೆಳಗೆ ಸುತ್ತಲೂ ಸಿಕ್ಕಿಸಲಿ. ಒಂದು ಮೂಟೆ ಕಾಯಿಯ ಬೆಲೆಯಲ್ಲಿ ಮನೆಮಂದಿಗೆಲ್ಲ ಪರದೆ ಬಂದೀತು.

ಈ ಹಾವಿನ ಹಲ್ಲು ಬಹು ಸಣ್ಣದು. ಕಚ್ಚಿದ್ದು ಎಷ್ಟೋ ವೇಳೆ ತಿಳಿಯುವುದೇ ಇಲ್ಲ. ಊತವಿಲ್ಲ, ಉರಿಯಿಲ್ಲ, ಗಾಯದ ಗುರುತೂ ಕಾಣದೆ ಹೋಗಬಹುದು. ನಡುರಾತ್ರಿಯಲ್ಲೋ ನಸುಕಿನಲ್ಲೋ ಹೊಟ್ಟೆನೋವೆಂದು ಏಳುತ್ತಾರೆ, ವಾಂತಿಯಾಗುತ್ತದೆ. ಮನೆಯವರು ಅಜೀರ್ಣವೆಂದು ಓಮದ ಕಷಾಯ ಕಾಸುತ್ತಾರೆ. ಆಮೇಲೆ ರೆಪ್ಪೆ ಜೋತುಬೀಳುತ್ತದೆ, ಮಾತು ತೊದಲುತ್ತದೆ, ಉಗುಳು ನುಂಗಲಾಗದು, ಕೊನೆಗೆ ಉಸಿರಾಟದ ಸ್ನಾಯುಗಳೇ ಸೋಲುತ್ತವೆ. ನೆಲದ ಮೇಲೆ ಮಲಗಿದ್ದವರಿಗೆ ಹೀಗೆ ಹೊಟ್ಟೆನೋವು ಬಂದು ಕಣ್ಣು ಎಳೆಯತೊಡಗಿದರೆ, ಹಾವನ್ನು ಯಾರೂ ನೋಡದಿದ್ದರೂ ಕಟ್ಟುಹಾವೆಂದೇ ಶಂಕಿಸತಕ್ಕದ್ದು.

ಇಲ್ಲಿ ಮಂತ್ರದ ಮಾತು ಬರುತ್ತದೆ. ಮಂತ್ರ ಹಾಕಿಸಿದವರು ಬದುಕಿಲ್ಲವೇ ಎನ್ನುತ್ತಾರೆ. ಬದುಕಿದ್ದಾರೆ, ಸುಳ್ಳಲ್ಲ. ಹೆಚ್ಚಿನ ಹಾವುಗಳಿಗೆ ವಿಷವಿಲ್ಲ. ವಿಷದ ಹಾವೂ ಎಲ್ಲ ಸಲ ವಿಷ ಬಿಡುವುದಿಲ್ಲ. ಅಂಥವರು ಮಂತ್ರವಿಲ್ಲದೆಯೂ ಬದುಕುತ್ತಿದ್ದರು. ಕಟ್ಟುಹಾವಿನ ವಿಷವಾದರೋ ಮೊದಲ ಕೆಲವು ಗಂಟೆ ಸುಮ್ಮನಿದ್ದಂತೆ ತೋರಿ, ಮಂತ್ರ ಫಲಿಸಿತೆಂಬ ಭ್ರಮೆ ಹುಟ್ಟಿಸುತ್ತದೆ. ಅಷ್ಟರಲ್ಲಿ ಅದು ನರಗಳ ತುದಿಯನ್ನು ಕೆಡಿಸುತ್ತಿರುತ್ತದೆ. ಕೆಟ್ಟ ನರವನ್ನು ಔಷಧಿಯೂ ಕೂಡಲೆ ಸರಿಪಡಿಸಲಾರದು. ದೇವರಿಗೆ ಹರಕೆ ಹೊರುವವರು ವಾಹನದಲ್ಲಿ ಕುಳಿತೇ ಹೊರಲಿ.

ಬಿಗಿದು ಕಟ್ಟುವುದು, ಕೊಯ್ಯುವುದು, ಚೀಪುವುದು ಕೂಡದು. ಕಚ್ಚಿದ ಕೈಕಾಲಿಗೆ ದಬ್ಬೆ ಕಟ್ಟಿ ಅಲುಗದಂತೆ ಮಾಡಿ, ನಡೆಸದೆ ಒಯ್ಯಬೇಕು. 108ಕ್ಕೆ ಕರೆ ಮಾಡಿರಿ. ಅದು ಬರುವುದು ತಡವಾದರೆ ಮೋಟಾರ್‌ಸೈಕಲ್ಲಿನಲ್ಲಿ ಇಬ್ಬರ ನಡುವೆ ರೋಗಿಯನ್ನು ಕೂರಿಸಿ ಹೊರಡಿರಿ. ನೇಪಾಳದ ದಮಕ್ ಎಂಬಲ್ಲಿ ಊರ ಯುವಕರೇ ಹೀಗೆ ಸಾಗಿಸುವ ಏರ್ಪಾಡು ಮಾಡಿಕೊಂಡ ಮೇಲೆ ಸಾವು ಬಹಳ ಇಳಿಯಿತು. ಕುದುರೆಯ ರಕ್ತದಿಂದ ತಯಾರಿಸುವ ವಿಷಹಾರಿ ಔಷಧಿ ಕಟ್ಟುಹಾವೂ ಸೇರಿ ನಾಲ್ಕು ಹಾವುಗಳ ವಿಷಕ್ಕೂ ಒಂದೇ. ಹಾವನ್ನು ಕೊಂದು ಒಯ್ಯುವ ಅಗತ್ಯವಿಲ್ಲ. ಉಸಿರು ಕಟ್ಟಿತೆಂದು ಆಸೆ ಬಿಡಲೂ ಬಾರದು. ಉಸಿರಾಟದ ಯಂತ್ರದ ಮೇಲೆ ಕೆಲವು ದಿನವಿದ್ದು ಎದ್ದು ಬಂದವರು ಅನೇಕರು.

ದೇಶದಲ್ಲಿ 2000ದಿಂದ 2019ರವರೆಗೆ ಹಾವು ಕಚ್ಚಿ ಸತ್ತವರು ಸುಮಾರು 12 ಲಕ್ಷವೆಂದು ಸಂಶೋಧಕರ ಅಂದಾಜು. ಹೆಚ್ಚು ಸಾವಿನ ರಾಜ್ಯಗಳಲ್ಲಿ ಆಂಧ್ರವೂ ಒಂದು. ಕರ್ನಾಟಕವು 2024ರಲ್ಲಿ ಹಾವುಕಡಿತವನ್ನು ಆಸ್ಪತ್ರೆಗಳು ವರದಿ ಮಾಡಲೇಬೇಕಾದ ಸಂಗತಿಗಳಲ್ಲಿ ಸೇರಿಸಿತು. ಗಡಿಯ ಆಚೆಯೋ ಈಚೆಯೋ ಎಂದು ಯೋಚಿಸುತ್ತ ಕೂರದೆ, ಔಷಧಿ ಇರುವ ಹತ್ತಿರದ ಆಸ್ಪತ್ರೆಗೆ ಹೋಗಬೇಕು. ಯಾವುದರಲ್ಲಿ ಔಷಧಿ ಇದೆ, ಯಾವುದರಲ್ಲಿ ಉಸಿರಾಟದ ಯಂತ್ರವಿದೆ ಎಂಬುದನ್ನು ಪಂಚಾಯಿತಿಯವರು ಮಳೆಗೆ ಮುನ್ನವೇ ಕೇಳಿ ತಿಳಿದು, ರಾತ್ರಿ ಗಾಡಿ ಕೊಡುವವರ ಹೆಸರಿನೊಡನೆ ಶಾಲೆಯ ಗೋಡೆಯ ಮೇಲೆ ಕನ್ನಡದಲ್ಲಿಯೂ ತೆಲುಗಿನಲ್ಲಿಯೂ ಬರೆಸಲಿ. ಮಕ್ಕಳಿಗೆ ಹಾವಿನ ಎರಡೂ ಹೆಸರನ್ನು ಹೇಳಿಕೊಡೋಣ. ಅಜ್ಜಿಯ ಕಟ್ಟುಹಾವನ್ನು ತೆಲುಗು ವೈದ್ಯರಿಗೆ ಕಟ್ಲಪಾಮು ಎಂದು ತಿಳಿಸಬೇಕಾದವರು ಎಷ್ಟೋ ಮನೆಗಳಲ್ಲಿ ಆ ಮಕ್ಕಳೇ.